ಜೀನ್ ಹೆಸರು ತಾರೀಖಾದಾಗ

ಎಂ.ಎಸ್ಸಿ ಬಯೊಟೆಕ್ನಾಲಜಿ ಮುಗಿಸಿದವರಿಗೆ ಎಲ್ಲರೂ ಕೇಳುವುದು ಒಂದೇ: ‘ಲ್ಯಾಬಾ, ಪಿಎಚ್.ಡಿನಾ?’ ನಾನು ಎರಡನ್ನೂ ಬಿಟ್ಟು, ಲ್ಯಾಬ್‌ಗಳಿಗೆ ಸಾಫ್ಟ್‌ವೇರ್ ಮಾಡುವ ಪುಟ್ಟ ಕಂಪನಿಯೊಂದರಲ್ಲಿ ಯೂಸರ್ ರಿಸರ್ಚರ್ ಆಗಿದ್ದೇನೆ. ಸಂಶೋಧಕರ ಪಕ್ಕ ಕೂತು, ಅವರು ಕೆಲಸ ಮಾಡುವುದನ್ನು ಸುಮ್ಮನೆ ನೋಡುವುದೇ ನನ್ನ ಕೆಲಸ. ಇದಕ್ಕೂ ಸಂಬಳ ಕೊಡುತ್ತಾರೆ ಎಂದರೆ ಅಮ್ಮ ಇನ್ನೂ ನಂಬಿಲ್ಲ!

ಹಾಗೆ ನೋಡದಿದ್ದರೆ ಏನಾಗುತ್ತದೆ ಎಂಬುದಕ್ಕೆ ಮಾನವ ಜೀನೋಮ್‌ಗಿಂತ ಒಳ್ಳೆಯ ಉದಾಹರಣೆ ನನಗೆ ಸಿಕ್ಕಿಲ್ಲ. 1996ರಲ್ಲಿ ಬರ್ಮುಡಾದಲ್ಲಿ ಸೇರಿದ್ದ ವಿಜ್ಞಾನಿಗಳು, ಓದಿದ ಡಿಎನ್‌ಎ ಸರಣಿಯನ್ನು 24 ಗಂಟೆಯೊಳಗೆ ಎಲ್ಲರಿಗೂ ಉಚಿತವಾಗಿ ಬಿಟ್ಟುಕೊಡಲು ಒಪ್ಪಿದರು. ಎಷ್ಟು ದೊಡ್ಡ ಮನಸ್ಸು! ಆದರೆ ಎಷ್ಟೋ ಜೀವವಿಜ್ಞಾನಿಗಳು ಜೀನ್‌ಗಳ ಪಟ್ಟಿ ತೆರೆಯುತ್ತಿದ್ದುದು ಎಕ್ಸೆಲ್‌ನಲ್ಲಿ. ‘ಸೆಪ್ಟ್2’, ‘ಮಾರ್ಚ್1’ ಎಂಬ ಜೀನ್‌ಗಳನ್ನು ಅದು ಸೆಪ್ಟೆಂಬರ್ 2, ಮಾರ್ಚ್ 1 ಎಂಬ ತಾರೀಖು ಮಾಡಿಬಿಡುತ್ತಿತ್ತು. ಎಕ್ಸೆಲ್ ಜೀನ್ ಪಟ್ಟಿ ಲಗತ್ತಿಸಿದ್ದ ಪ್ರಬಂಧಗಳಲ್ಲಿ ಸುಮಾರು ಐದಕ್ಕೊಂದರಲ್ಲಿ ಇಂಥ ತಪ್ಪಿದೆ ಎಂದು 2016ರ ಅಧ್ಯಯನವೊಂದು ಹೇಳಿತು. ಕೊನೆಗೆ 2020ರ ಹೊತ್ತಿಗೆ ಜೀನ್‌ಗಳಿಗೆ ಹೆಸರಿಡುವ ಅಂತರರಾಷ್ಟ್ರೀಯ ಸಮಿತಿಯೇ ಸೋತು, ‘ಸೆಪ್ಟಿನ್2’, ‘ಮಾರ್ಚ್‌ಎಫ್1’ ಎಂದು ಹೆಸರು ಬದಲಿಸಿತು. ಚಪ್ಪಲಿ ಬಿಗಿಯಾಯಿತೆಂದು ಕಾಲು ಕೊಯ್ದುಕೊಂಡ ಹಾಗೆ. ತಾರೀಖು ಮಾಡುವುದನ್ನು ನಿಲ್ಲಿಸುವ ಆಯ್ಕೆ ಎಕ್ಸೆಲ್‌ನಲ್ಲಿ ಬಂದದ್ದು 2023ರಲ್ಲಿ.

‘ನಮ್ಮ ಸಾಫ್ಟ್‌ವೇರ್ ಹೇಗಿದೆ?’ ಎಂದು ನಾನು ಕೇಳುವುದೇ ಇಲ್ಲ. ಕೇಳಿದರೆ ಎಲ್ಲರೂ ‘ಚೆನ್ನಾಗಿದೆ’ ಅನ್ನುತ್ತಾರೆ. ‘ನಿನ್ನೆ ಈ ಕೆಲಸ ಹೇಗೆ ಮಾಡಿದಿರಿ, ತೋರಿಸಿ’ ಅನ್ನುತ್ತೇನೆ. ಒಬ್ಬರು ಸ್ಯಾಂಪಲ್ ನಂಬರನ್ನು ಚೀಟಿಯಲ್ಲಿ ಬರೆದು ಮಾನಿಟರ್‌ಗೆ ಅಂಟಿಸಿಕೊಂಡಿದ್ದರು. ಮುಂದಿನ ಪರದೆಗೆ ಹೋದರೆ ಆ ನಂಬರ್ ಕಾಣುತ್ತಿರಲಿಲ್ಲ. ಯಾವ ಪ್ರಶ್ನಾವಳಿಯೂ ಹೇಳದ ಸಂಗತಿಯನ್ನು ಆ ಚೀಟಿ ಹೇಳಿತು.

ಈಗ ನಮ್ಮದೇ ಜೀನೋಮ್ ಭಂಡಾರವಿದೆ. ಬೆಂಗಳೂರಿನ ಐಐಎಸ್ಸಿ ಆವರಣದ ಮಿದುಳು ಸಂಶೋಧನಾ ಕೇಂದ್ರ ಸೇರಿ 20 ಸಂಸ್ಥೆಗಳು ಕೂಡಿ ಮಾಡಿದ ‘ಜೀನೋಮ್ ಇಂಡಿಯಾ’ ಯೋಜನೆಯಲ್ಲಿ 10,000 ಭಾರತೀಯರ ದತ್ತಾಂಶ ಫರೀದಾಬಾದ್‌ನಲ್ಲಿದೆ. 2025ರ ಜನವರಿಯಿಂದ ಸಂಶೋಧಕರು ಅರ್ಜಿ ಹಾಕಿ ಪಡೆಯಬಹುದು. ಧಾರವಾಡದ ವಿದ್ಯಾರ್ಥಿನಿಯೊಬ್ಬಳು ಅದನ್ನು ತೆರೆದು ಎಲ್ಲಿ ತಡವರಿಸುತ್ತಾಳೆ ಎಂದು ನೋಡಲು ಜೀವವಿಜ್ಞಾನ ಗೊತ್ತಿರುವವರೇ ಬೇಕು. ಅಂದರೆ ನಮ್ಮಂಥವರು.

ಇಂಟರ್ನ್‌ಶಿಪ್‌ಗೆ ಬಂದವರಿಗೆ ನಾನು ಕೋಡಿಂಗ್ ಬರುತ್ತಾ ಅಂತ ಕೇಳುವುದಿಲ್ಲ. ಯಾರಾದರೂ ಹೊಸ ಆ್ಯಪ್ ಬಳಸುವಾಗ ಹತ್ತು ನಿಮಿಷ ಪಕ್ಕದಲ್ಲಿ ಬಾಯಿ ಬಿಡದೆ ಕೂರಿ ಅನ್ನುತ್ತೇನೆ. ಹೆಚ್ಚಿನವರು ಎರಡನೇ ನಿಮಿಷಕ್ಕೇ ‘ಅಲ್ಲಿ ಒತ್ತಿ’ ಅಂದುಬಿಡುತ್ತಾರೆ.