ಬಲರಾಜ ಸಾಹನಿಯವರ ಅಭಿನಯ ಮತ್ತು ಚರಿತ್ರೆಯ ಸಾಕ್ಷ್ಯ

ಚಲಚ್ಚಿತ್ರವನ್ನು ಚರಿತ್ರೆಯ ಆಕರವೆಂದು ಪರಿಗಣಿಸಲು ನಮ್ಮ ವಿದ್ವಾಂಸರಲ್ಲಿ ಹಲವರು ಇಂದಿಗೂ ಹಿಂಜರಿಯುತ್ತಾರೆ. ಶಾಸನಕ್ಕೂ ಕಡತಕ್ಕೂ ಸಲ್ಲುವ ಮನ್ನಣೆ ನಟನೊಬ್ಬನ ಮುಖಭಾವಕ್ಕೆ ಸಲ್ಲಬೇಕೆಂದು ನಾವೂ ವಾದಿಸುವುದಿಲ್ಲ. ಆದರೆ ಕಡತಗಳು ಹೇಳದೆ ಬಿಟ್ಟ ಕೆಲವು ಸಂಗತಿಗಳು ಬಲರಾಜ ಸಾಹನಿಯವರ (1913-1973) ಅಭಿನಯದಲ್ಲಿ ಉಳಿದುಬಂದಿವೆ ಎಂಬುದನ್ನು ಇಲ್ಲಿ ತೋರಿಸಲೆಳಸುತ್ತೇವೆ.

ಸಾಹನಿಯವರು ರಾವಲ್ಪಿಂಡಿಯಲ್ಲಿ ಜನಿಸಿದವರು. ಲಾಹೋರಿನಲ್ಲಿ ಇಂಗ್ಲಿಷ್ ಸಾಹಿತ್ಯವನ್ನು ವ್ಯಾಸಂಗ ಮಾಡಿ, ಶಾಂತಿನಿಕೇತನದಲ್ಲಿ ಅಧ್ಯಾಪಕರಾಗಿದ್ದು, ಯುದ್ಧಕಾಲದಲ್ಲಿ ಲಂಡನ್ನಿನ ಬಿ.ಬಿ.ಸಿ.ಯಲ್ಲಿ ದುಡಿದು ಸ್ವದೇಶಕ್ಕೆ ಮರಳಿದರು. ಮುಂಬಯಿಯಲ್ಲಿ ಭಾರತೀಯ ಜನನಾಟ್ಯ ಸಂಘವನ್ನು ಸೇರಿದರು. 1943ರ ಬಂಗಾಳದ ಕ್ಷಾಮವನ್ನು ಕುರಿತು ಆ ಸಂಘವೇ ತಯಾರಿಸಿದ, ಕೆ. ಎ. ಅಬ್ಬಾಸರು ನಿರ್ದೇಶಿಸಿದ ‘ಧರತೀ ಕೆ ಲಾಲ್’ (1946) ಅವರ ಮೊದಮೊದಲ ಚಿತ್ರಗಳಲ್ಲೊಂದು.

ಇಂತಹ ವಿದ್ಯಾವಂತರು ನಿರಕ್ಷರಿಯಾದ ರೈತನ ಪಾತ್ರಕ್ಕೆ ಒಪ್ಪುವರೇ ಎಂಬ ಸಂದೇಹ ಸಹಜವಾದುದು. ಬಿಮಲ್ ರಾಯರ ‘ದೋ ಬಿಘಾ ಜಮೀನ್’ (1953) ಚಿತ್ರಕ್ಕಾಗಿ ಸಾಹನಿಯವರು ರಿಕ್ಷಾ ಎಳೆಯುವವರೊಡನೆ ಬೆರೆತು, ಕಲ್ಕತ್ತೆಯ ಬೀದಿಗಳಲ್ಲಿ ತಾವೇ ರಿಕ್ಷಾ ಎಳೆದರು. ಈ ಚಿತ್ರದ ಒಂದು ಪ್ರಸಂಗವನ್ನು ಇತಿಹಾಸದ ವಿದ್ಯಾರ್ಥಿಗಳು ವಿಶೇಷವಾಗಿ ಗಮನಿಸತಕ್ಕದ್ದು. ಶಂಭು ಮಹತೋ ತನ್ನ ಸಾಲ 65 ರೂಪಾಯಿಯೆಂದು ನಂಬಿರುತ್ತಾನೆ. ಜಮೀನ್ದಾರನ ಲೆಕ್ಕದ ಪ್ರಕಾರ ಅದು 235 ರೂಪಾಯಿ. ನ್ಯಾಯಾಲಯ ಲೆಕ್ಕವನ್ನೇ ನಂಬುತ್ತದೆ. ಗ್ರಾಮೀಣ ಋಣವನ್ನು ಕುರಿತು ಬರೆಯುವಾಗ ನಾವು ಆಧರಿಸುವುದೂ ಬಹುಮಟ್ಟಿಗೆ ಅಂತಹ ಲೆಕ್ಕಪತ್ರಗಳನ್ನೇ ಅಲ್ಲವೆ! ಓದಲಾರದವನ ದಿಗ್ಭ್ರಮೆಗೆ ದಾಖಲೆಯಿಲ್ಲ. ಸಾಹನಿಯವರ ಕಣ್ಣುಗಳಲ್ಲಿ ಅದು ಕಾಣಸಿಗುತ್ತದೆ. ಈ ಚಿತ್ರಕ್ಕೆ 1954ರಲ್ಲಿ ಕಾನ್ ಉತ್ಸವದಲ್ಲಿ ಪ್ರಶಸ್ತಿ ದೊರೆಯಿತು.

ಆದರೂ ‘ಗರಮ್ ಹವಾ’ವೇ ಇದಕ್ಕಿಂತ ಮೇಲಾದುದೆಂದು ನಮ್ಮ ಅಭಿಪ್ರಾಯ. ಇದರ ನಿರ್ದೇಶಕರು ಮೈಸೂರಿನವರಾದ ಎಂ. ಎಸ್. ಸತ್ಯು, ಆಧಾರ ಇಸ್ಮತ್ ಚುಗ್ತಾಯಿಯವರ ಕಥೆ. ಆಗ್ರಾದಲ್ಲಿ ಪಾದರಕ್ಷೆ ತಯಾರಿಸುವ ಸಲೀಂ ಮಿರ್ಜಾ ದೇಶವಿಭಜನೆಯ ನಂತರವೂ ಊರು ಬಿಡಲೊಲ್ಲ. ಮನೆ ಅಣ್ಣನ ಹೆಸರಿನಲ್ಲಿದೆ. ಅಣ್ಣ ಪಾಕಿಸ್ತಾನಕ್ಕೆ ತೆರಳಿದೊಡನೆ ಅದು ದೇಶ ಬಿಟ್ಟವರ ಆಸ್ತಿಯೆನಿಸಿ, ಉಳಿದವನು ಬಾಡಿಗೆಯ ಮನೆ ಹುಡುಕಬೇಕಾಗುತ್ತದೆ. ಸಾಲ ಕೊಡುವವರಿಲ್ಲ, ಬಂಧುಗಳು ಒಬ್ಬೊಬ್ಬರಾಗಿ ರೈಲು ಹತ್ತುತ್ತಾರೆ, ಕಡೆಗೆ ಗೂಢಚಾರನೆಂಬ ಅಪವಾದವೂ ತಗಲುತ್ತದೆ. ಇಷ್ಟಾದರೂ ಸಾಹನಿಯವರು ಎಲ್ಲಿಯೂ ದನಿಯೇರಿಸುವುದಿಲ್ಲ. ಆ ಸಂಯಮವನ್ನು ಬರಿಯ ಅಭಿನಯಕೌಶಲವೆಂದು ತಿಳಿಯುವುದು ಸರಿಯಾಗಲಾರದು. ರಾವಲ್ಪಿಂಡಿ ಪಾಕಿಸ್ತಾನಕ್ಕೆ ಸೇರಿದ್ದರಿಂದ ಅವರೂ ಹುಟ್ಟೂರನ್ನು ಕಳೆದುಕೊಂಡವರೇ. ಮುಂದೆ ಆ ದೇಶಕ್ಕೆ ಹೋಗಿಬಂದು ಪಂಜಾಬಿಯಲ್ಲಿ ಪ್ರವಾಸಕಥನವನ್ನೂ ಬರೆದರು. ಗಡಿಯ ಆ ಕಡೆಯಿಂದ ಬೇರು ಕಿತ್ತುಬಂದ ಹಿಂದೂವೊಬ್ಬರು ಈ ಕಡೆಯಲ್ಲಿ ಬೇರು ಬಿಡಲೊಪ್ಪದ ಮುಸಲ್ಮಾನನ ಪಾತ್ರವನ್ನು ವಹಿಸಿದರು.

ಚಿತ್ರದ ಧ್ವನಿಮುದ್ರಣವನ್ನು ಮುಗಿಸಿಕೊಟ್ಟ ಮರುದಿನ, 1973ರ ಏಪ್ರಿಲ್ 13ರಂದು, ಸಾಹನಿಯವರು ನಿಧನರಾದರು. ಕೋಮುಗಲಭೆಗೆ ಎಡೆಯಾದೀತೆಂಬ ಶಂಕೆಯಿಂದ ಸೆನ್ಸಾರಿನವರು ತಿಂಗಳುಗಟ್ಟಲೆ ತಡೆದಿಟ್ಟ ಆ ಚಿತ್ರ 1974ರಲ್ಲಿ ತೆರೆಕಂಡಿತು.