ಕುಮ್ಮಟದ ರಾಮನೂ ಗ್ರೀಸಿನ ಹಿಪ್ಪೊಲಿಟಸನೂ

ಗಂಗಾವತಿಯ ಸೀಮೆಯಲ್ಲಿ ಜಬ್ಬಲಗುಡ್ಡದ ಬಳಿಯ ಕುಮ್ಮಟದುರ್ಗದ ಹಾಳುಗೋಡೆಗಳನ್ನು ಕಂಡವರಿಗೆ ಗಂಡುಗಲಿ ಕುಮಾರರಾಮನ ಕಥೆಯನ್ನು ಹೊಸದಾಗಿ ಹೇಳಬೇಕಾದುದಿಲ್ಲ, ಆದರೆ ಕ್ರಿ. ಪೂ. 428ರಲ್ಲಿ ಯೂರಿಪಿಡೀಸನು ಅಥೆನ್ಸಿನಲ್ಲಿ ಆಡಿಸಿದ ನಾಟಕದ ನಾಯಕ ಹಿಪ್ಪೊಲಿಟಸನು ನಮ್ಮ ರಾಮನಿಗೆ ವಿಧಿಯಿಂದ ಒಡಹುಟ್ಟಿದವನೆಂದರೆ ಅನೇಕರಿಗೆ ಸೋಜಿಗವಾದೀತು.

ಮಲತಾಯಿಯ ಮೋಹವೂ ಮಗನ ನಿರಾಕರಣೆಯೂ ತಂದೆಯ ದುಡುಕೂ ಎರಡೆಡೆಯಲ್ಲಿಯೂ ಒಂದೇ. ಕೊಪ್ಪಳದ ಗವಿಮಠದಲ್ಲಿಯೂ ಪಾಲ್ಕಿಗುಂಡಿನಲ್ಲಿಯೂ ಶಾಸನ ಬರೆಯಿಸಿದ ಅಶೋಕನ ಮಗ ಕುಣಾಲನು ಮಲತಾಯಿಯ ದೆಸೆಯಿಂದ ಕಣ್ಣು ಕಳೆದುಕೊಂಡನೆಂಬ ಬೌದ್ಧಕಥೆಯೂ ಇದೇ ಬಳಗದ್ದು.

ಆದರೆ ಗುಣದಲ್ಲಿ ಇಬ್ಬರೂ ಒಂದಲ್ಲ. ಬೇಟೆಯ ದೇವತೆ ಆರ್ಟೆಮಿಸಳೊಬ್ಬಳನ್ನೇ ಆರಾಧಿಸುತ್ತ ಪ್ರೇಮದೇವತೆಯನ್ನು ತೃಣೀಕರಿಸಿದ ಹಿಪ್ಪೊಲಿಟಸನ ಬ್ರಹ್ಮಚರ್ಯದಲ್ಲಿ ಅಹಂಕಾರದ ವಾಸನೆಯುಂಟು. ರಾಮನಾದರೋ, ಆಟದ ಚೆಂಡು ಮಲತಾಯಿ ರತ್ನಾಜಿಯ ಅರಮನೆಯೊಳಗೆ ಬೀಳಲು ಅದನ್ನು ತರಹೋಗಿ, ಅವಳು ಸೆರಗು ಹಿಡಿದಾಗಲೂ ‘ತಾಯಿ’ ಎಂದೇ ಸಂಬೋಧಿಸಿದವನು. ಪರನಾರೀಸಹೋದರನೆಂಬ ಬಿರುದು ಅವನಿಗೆ ಸಂದದ್ದು ಆ ವಿನಯಕ್ಕೆ.

ನನಗೆ ಇದಕ್ಕಿಂತ ದೊಡ್ಡದಾಗಿ ತೋರುವ ಭೇದವೊಂದಿದೆ. ತಂದೆ ಥೀಸಿಯಸನ ಶಾಪಕ್ಕೆ ಓಗೊಟ್ಟು ಕಡಲೊಳಗಿಂದ ಗೂಳಿಯೊಂದು ಎದ್ದುಬರಲು, ಬೆದರಿದ ಕುದುರೆಗಳು ಹಿಪ್ಪೊಲಿಟಸನನ್ನು ಬಂಡೆಗಳ ಮೇಲೆ ಎಳೆದೊಯ್ದು ಕೊಂದುವು. ದೇವರ ಕೈಗೆ ಸೇರಿದ ಮಾತನ್ನು ತಡೆಯಬಲ್ಲವರಾರು? ಕುಮ್ಮಟದಲ್ಲಿ ಮಗನನ್ನು ಕೊಲ್ಲಬೇಕೆಂಬ ತಂದೆ ಕಂಪಿಲರಾಯನ ಆಜ್ಞೆ ಸೇರಿದ್ದು ಮಂತ್ರಿ ಬೈಚಪ್ಪನ ಕೈಗೆ. ರಾಮನನ್ನು ಗುಟ್ಟಾಗಿ ಅಡಗಿಸಿ, ಬೇರೊಬ್ಬನ ತಲೆಯನ್ನು ರಾಯನಿಗೆ ತೋರಿಸಿದ ಆತನ ಅವಿಧೇಯತೆಯಿಂದಲೇ ಕಥೆ ಮುಂದುವರಿಯಿತು. (ಆ ಬಡಪಾಯಿಯ ಪಾಪ ಯಾರಿಗೆ ತಟ್ಟಿತೆಂದು ಕಥೆ ಕೇಳುವ ನಾವಾರೂ ವಿಚಾರಿಸುವುದಿಲ್ಲ.) ದಿಲ್ಲಿಯ ಸೈನ್ಯ ಮುತ್ತಿದಾಗ, ಸತ್ತನೆಂದು ಎಲ್ಲರೂ ಅತ್ತಿದ್ದ ಮಗನೇ ಹೊರಬಂದು ಕಾದಿದನೆಂದು ಹದಿನಾರನೆಯ ಶತಮಾನದ ನಂಜುಂಡ ಕವಿ ಸಾಂಗತ್ಯದಲ್ಲಿ ವಿಸ್ತರಿಸಿದ್ದಾನೆ.

ಇತಿಹಾಸದ ಕಂಪಿಲನು ಮಹಮ್ಮದ್ ತುಘಲಕನಿಗೆ ತಿರುಗಿಬಿದ್ದು ಓಡಿಬಂದ ಬಹಾವುದ್ದೀನ್ ಗುರ್ಷಾಸ್ಪನಿಗೆ ಆಶ್ರಯವಿತ್ತು 1327ರ ಸುಮಾರಿಗೆ ರಾಜ್ಯವನ್ನೂ ಪ್ರಾಣವನ್ನೂ ತೆತ್ತನು. ಹೆತ್ತ ಮಗನ ಮಾತನ್ನು ನಂಬಲಾರದೆ ಹೋದವನೆಂದು ಕಾವ್ಯ ಚಿತ್ರಿಸುವ ಅರಸನು ಮರೆಹೊಕ್ಕ ಪರಕೀಯನಿಗಾಗಿ ಮಡಿದನೆಂಬುದು ವಿಚಿತ್ರವಾದರೂ, ಅವನಲ್ಲಿದ್ದ ದುಡುಕೂ ಛಲವೂ ಒಂದೇ ಬೇರಿನವೆಂದು ನನ್ನ ಊಹೆ.

ಗ್ರೀಸಿನ ಟ್ರೋಜೆನ್ ಊರಿನ ಕನ್ಯೆಯರು ವಿವಾಹಕ್ಕೆ ಮುನ್ನ ತಮ್ಮ ಕೂದಲನ್ನು ಕತ್ತರಿಸಿ ಹಿಪ್ಪೊಲಿಟಸನಿಗೆ ಅರ್ಪಿಸುತ್ತಿದ್ದರಂತೆ. ಕುಮ್ಮಟದಿಂದ ಬಹುದೂರದ ಶಿವಮೊಗ್ಗ, ಉತ್ತರಕನ್ನಡಗಳ ಮಲೆನಾಡಿನಲ್ಲಿ ಕುಮಾರರಾಮನ ತಲೆಯನ್ನು ಮರದಲ್ಲಿ ಕೆತ್ತಿ ಪೂಜಿಸುವರು. ಗ್ರೀಕರು ನೆನೆದದ್ದು ಹಿಪ್ಪೊಲಿಟಸನ ಅಕಾಲಮರಣವನ್ನು. ಇಲ್ಲಿಯವರಿಗೆ ಬೇಕಾದದ್ದು ಊರು ಕಾಯುವ ವೀರ.