ಮಾದಲಿಯ ತರಿ, ಗಿರಣಿಯ ಕಲ್ಲು

ಸಂಕ್ರಾಂತಿ ಹತ್ತಿರ ಬಂತೆಂದರೆ ಗಡಹಿಂಗ್ಲಜ ಕಡೆಯ ಹಿಟ್ಟಿನ ಗಿರಣಿಗಳಲ್ಲಿ ಗೋಧಿ ಡಬ್ಬಿಗಳ ಸಾಲು ಉದ್ದವಾಗುತ್ತದೆ. ಆ ಸಾಲಿನಲ್ಲಿ ತಮ್ಮ ಡಬ್ಬಿ ಇಡುವಾಗ ಕನ್ನಡ ಮನೆಯ ಹೆಣ್ಣುಮಕ್ಕಳು ಒಂದು ಮಾತು ಹೇಳದೆ ಹೋಗುವುದಿಲ್ಲ: “ಅಣ್ಣಾರ, ಇದು ಮಾದಲೀದೈತ್ರಿ. ಸಣ್ಣ ಬೀಸಬ್ಯಾಡ್ರಿ, ತರಿತರಿ ಇರ್ಲಿ.” “ಆತು ತಗೋರಿ ಅಕ್ಕಾರ, ಕಲ್ಲು ಸಡಲ ಮಾಡಿ ಹಾಕ್ತೀನಿ” ಎನ್ನುತ್ತ ಗಿರಣಿಯವರು ಯಂತ್ರದ ಪಕ್ಕದ ಸಣ್ಣ ಚಕ್ರವನ್ನು ಒಂದಿಷ್ಟು ಹಿಂದಕ್ಕೆ ತಿರುಗಿಸುತ್ತಾರೆ. ಕಲ್ಲಿನ ಸದ್ದು ಬದಲಾಗುತ್ತದೆ. ಬಟ್ಟೆಯ ತೋಳಿನಿಂದ ಇಳಿದ ಮೊದಲ ಹಿಡಿ ಹಿಟ್ಟನ್ನು ಹೆಬ್ಬೆರಳು, ತೋರುಬೆರಳುಗಳ ನಡುವೆ ಉಜ್ಜಿ ನೋಡಿ, ಬೇಕೆನಿಸಿದರೆ ಇನ್ನೂ ಒಂಚೂರು ಸಡಿಲಿಸುತ್ತಾರೆ. ಹಬ್ಬದ ಮಾದಲಿ ಚೆನ್ನಾಗಿ ಬರುತ್ತದೋ ಇಲ್ಲವೋ ಎಂಬುದು ಬಹುಮಟ್ಟಿಗೆ ಅಲ್ಲೇ ತೀರ್ಮಾನವಾಗಿಬಿಡುತ್ತದೆ ಎಂದು ನಾನು ದೃಢವಾಗಿ ನಂಬಿದ್ದೇನೆ. ಬೆಲ್ಲ, ತುಪ್ಪ, ಏಲಕ್ಕಿ ಎಷ್ಟೇ ಒಳ್ಳೆಯದಿರಲಿ, ಕಲ್ಲುಗಳ ನಡುವಿನ ಸಂದು ತಪ್ಪಿದರೆ ಮಾದಲಿ ಕೆಟ್ಟಿತೆಂದೇ ಲೆಕ್ಕ.

ದಕ್ಷಿಣದ ಓದುಗರಿಗಾಗಿ ಎರಡು ಮಾತು. ಗೋಧಿಗೆ ಒಂದೆರಡು ಹಿಡಿ ಕಡಲೆಬೇಳೆ, ಒಂದು ಹಿಡಿ ಅಕ್ಕಿ ಸೇರಿಸಿ, ಹದವಾಗಿ ಹುರಿದು ತರಿಯಾಗಿ ಬೀಸಿಸುತ್ತಾರೆ. ಕಾಯಿಸಿದ ಎಣ್ಣೆ ಹಾಕಿ, ಬಿಸಿನೀರಿನಲ್ಲಿ ಗಟ್ಟಿಯಾಗಿ ನಾದಿ, ದಪ್ಪ ಚಪಾತಿ ಲಟ್ಟಿಸಿ, ಸಣ್ಣ ಉರಿಯಲ್ಲಿ ಹಂಚಿನ ಮೇಲೆ ನಿಧಾನವಾಗಿ ಬೇಯಿಸುತ್ತಾರೆ. ಬಿಸಿ ಇರುವಾಗಲೇ ಮುರಿದು ಹರವಿ, ಆರಿದ ಮೇಲೆ ಕುಟ್ಟಿ, ಸಾಣಿಗೆ ಹಿಡಿದು, ಹೆರೆದ ಬೆಲ್ಲ, ಒಣಕೊಬ್ಬರಿ, ಗಸಗಸೆ, ಪುಟಾಣಿ, ಏಲಕ್ಕಿ, ಜಾಜಿಕಾಯಿ ಬೆರೆಸಿದರೆ ಮಾದಲಿ. ಎಲೆಗೆ ಬಿದ್ದ ಮೇಲೆ ಬಿಸಿ ಹಾಲು, ತುಪ್ಪ. ಕೊಪ್ಪಳದ ಗವಿಮಠದ ಜಾತ್ರೆಯ ದಾಸೋಹದಲ್ಲಿ ಜೋಳದ ರೊಟ್ಟಿಯ ಜೊತೆ ಇದೇ ಮಾದಲಿಯನ್ನು ಕ್ವಿಂಟಲ್‌ಗಟ್ಟಲೆ ಬಡಿಸುತ್ತಾರೆ. ಮಾದಲಿಗೆ ರಾಜ್ಯದ ಗಡಿಯೂ ಅಡ್ಡ ಬರಲಿಲ್ಲ. 1956ರಲ್ಲಿ ರಾಜ್ಯಗಳ ಗಡಿ ಎಳೆದಾಗ ಸಂಕೇಶ್ವರ ಈಚೆಗೆ, ಗಡಹಿಂಗ್ಲಜ ಆಚೆಗೆ ಉಳಿದವು. ಹಿರಣ್ಯಕೇಶಿ ನದಿ ಎರಡೂ ಊರುಗಳನ್ನು ಮುಟ್ಟಿಕೊಂಡೇ ಹರಿಯುತ್ತದೆ, ಮಾದಲಿಯೂ ಎರಡೂ ಕಡೆ ಆಗುತ್ತದೆ.

ರೊಟ್ಟಿ ಮಾಡಿ ಮತ್ತೆ ಪುಡಿ ಮಾಡುವ ಈ ಕ್ರಮ ನಮ್ಮೊಬ್ಬರದೇ ಅಲ್ಲ. ಮೊಹರಂ ಹಬ್ಬದ ಮಾಲದಿ, ರಾಜಸ್ಥಾನದ ಚೂರ್ಮಾ ಇದೇ ಜಾತಿಯವು. ಅಮೆರಿಕದ ದಕ್ಷಿಣ ರಾಜ್ಯಗಳಲ್ಲಿ ನವೆಂಬರ್‌ನ ನಾಲ್ಕನೇ ಗುರುವಾರದ ಥ್ಯಾಂಕ್ಸ್‌ಗಿವಿಂಗ್ ಊಟಕ್ಕೆ ಮೆಕ್ಕೆಜೋಳದ ರೊಟ್ಟಿಯನ್ನು ಮುಂಚಿತವಾಗಿ ಸುಟ್ಟು, ಒಣಗಲು ಬಿಟ್ಟು, ಪುಡಿ ಮಾಡಿ, ಈರುಳ್ಳಿ, ಸೊಪ್ಪು, ಮಾಂಸದ ಸಾರು ಕಲಸಿ ಮತ್ತೊಮ್ಮೆ ಬೇಯಿಸುತ್ತಾರೆ. ಅದು ಖಾರದ ಅಡುಗೆ, ಮಾದಲಿ ಸಿಹಿ. ಆದರೆ ಎರಡೂ ಕಡೆ ಅಜ್ಜಿಯರು ಹೇಳುವ ಗುಟ್ಟು ಒಂದೇ: ರೊಟ್ಟಿ ಹಳತಾಗಬೇಕು, ಕಾಳು ದಪ್ಪ ಇರಬೇಕು.

ಹಿಟ್ಟು ಹುರಿದು ಬೆಲ್ಲ ಬೆರೆಸಿದರೆ ತಂಬಿಟ್ಟು ಆಗುತ್ತದಲ್ಲ, ಇಷ್ಟು ಸುತ್ತು ಯಾಕೆ? ಇದಕ್ಕೆ ಉತ್ತರ ಸಿಗಬೇಕಾದರೆ ಗಿರಣಿಯೊಳಗೆ ಇಣುಕಬೇಕು.

ಗಿರಣಿಯಲ್ಲಿ ಎರಡು ದುಂಡು ಕಲ್ಲುಗಳು ಮುಖಾಮುಖಿ ಇರುತ್ತವೆ. ಒಂದು ಸ್ಥಿರ, ಇನ್ನೊಂದು ಮೋಟರಿನ ಪಟ್ಟಿಯಿಂದ ತಿರುಗುವ ದಂಡಕ್ಕೆ ಬಿಗಿದದ್ದು. ಮನೆಯ ಬೀಸುಕಲ್ಲಿನದೂ ಇದೇ ತತ್ವ. ಅಲ್ಲಿ ಮೇಲಿನ ಕಲ್ಲು ಗೂಟ ಹಿಡಿದ ಕೈಯಿಂದ, ಬೀಸುವ ಪದದ ಲಯಕ್ಕೆ ತಿರುಗುತ್ತಿತ್ತು. ಇಂದಿನ ಗಿರಣಿ ಕಲ್ಲು ಹೆಚ್ಚಾಗಿ ಗಣಿಯಿಂದ ತಂದ ಕಲ್ಲಲ್ಲ. ಎಮರಿ ಎಂಬ ಗಡಸು ಖನಿಜದ ಹರಳುಗಳನ್ನು ಮೆಗ್ನೀಷಿಯಂ ಲವಣಗಳ ಸಿಮೆಂಟಿನಲ್ಲಿ ಎರಕ ಹೊಯ್ದು ಮಾಡಿದ್ದು. ಆ ಸಿಮೆಂಟನ್ನು 1867ರಲ್ಲಿ ಜಗತ್ತಿಗೆ ಕೊಟ್ಟವನು ಸೊರೆಲ್ ಎಂಬ ಫ್ರಾನ್ಸಿನ ರಸಾಯನಶಾಸ್ತ್ರಜ್ಞ.

ಕಾಳು ಕಲ್ಲಿನ ನಡುವಿನ ತೂತಿನಿಂದ ಒಳಗೆ ಬೀಳುತ್ತದೆ. ನಡುಭಾಗದಲ್ಲಿ ಸಂದು ಅಗಲ, ಅಂಚಿಗೆ ಹೋದಂತೆ ಕಿರಿದು. ಕಲ್ಲಿನ ಮುಖದ ಮೇಲೆ ಉಳಿಯಿಂದ ಕೊರೆದ ಗೀರುಗಳಿರುತ್ತವೆ. ಅವು ನಡುವೆ ಆಳ, ಅಂಚಿನಲ್ಲಿ ತೆಳು, ಮತ್ತು ನೇರವಾಗಿರದೆ ಒಂದು ಬದಿಗೆ ವಾಲಿರುತ್ತವೆ. ತಿರುಗುವ ಕಲ್ಲಿನ ಗೀರು ಸ್ಥಿರ ಕಲ್ಲಿನ ಗೀರನ್ನು ದಾಟುವಾಗ ಕತ್ತರಿಯ ಎರಡು ಅಲಗುಗಳಂತೆ ಕಾಳನ್ನು ಕತ್ತರಿಸಿ, ಜೊತೆಗೇ ಹೊರಕ್ಕೆ ದೂಡುತ್ತದೆ. ಗೀರುಗಳ ನಡುವಿನ ಸಮತಟ್ಟಾದ ಭಾಗ ಅದನ್ನು ಉಜ್ಜಿ ನುಣ್ಣಗೆ ಮಾಡುತ್ತದೆ. 16 ಅಂಗುಲ ವ್ಯಾಸದ ಕಲ್ಲು ನಿಮಿಷಕ್ಕೆ 600 ಸುತ್ತು ತಿರುಗಿತು ಎಂದಿಟ್ಟುಕೊಳ್ಳಿ. ಅದರ ಅಂಚು ಸೆಕೆಂಡಿಗೆ ಸುಮಾರು 13 ಮೀಟರ್ ಓಡುತ್ತಿರುತ್ತದೆ. ಅಂಚಿಗೂ ನಡುವಿಗೂ ಮಧ್ಯದ ಜಾಗದಲ್ಲಿ ಇದರ ಅರ್ಧ ವೇಗ. ಹಾಗಾಗಿ ಕಾಳು ಮೊದಲು ನಿಧಾನವಾಗಿ ಒಡೆಯುತ್ತದೆ, ಆಮೇಲೆ ಜೋರಾಗಿ ಉಜ್ಜಿಸಿಕೊಳ್ಳುತ್ತದೆ.

ಮಾದಲಿಗೆ ಬೇಕಾದದ್ದು ಒಡೆತ. ಉಜ್ಜಾಟ ಕಡಿಮೆಯಾದಷ್ಟೂ ಒಳ್ಳೆಯದು. ಕಲ್ಲು ಸಡಿಲಿಸಿದರೆ ತರಿ ಬೇಗ ಹೊರಬೀಳುತ್ತದೆ. ಬಿಗಿ ಮಾಡಿದರೆ ಅದೇ ತರಿ ಅಂಚಿನಲ್ಲಿ ಸಿಕ್ಕಿಬಿದ್ದು ಮತ್ತೆ ಮತ್ತೆ ಅರೆಯುತ್ತದೆ, ಹಿಟ್ಟು ಕೈಸುಡುವಷ್ಟು ಬಿಸಿಯಾಗಿ ಇಳಿಯುತ್ತದೆ. ಈ ಹಿಂಸೆಗೆ ಒಳಗಾಗುವುದು ಗೋಧಿಯೊಳಗಿನ ಪಿಷ್ಟದ ಕಣಗಳು. ಕಾಳಿನ ಶೇಕಡ 83ರಷ್ಟು ಭಾಗ ಪಿಷ್ಟ ತುಂಬಿದ ಒಳತಿರುಳು. ಅದರ ಒಂದು ಪಿಷ್ಟಕಣ ಒಡೆಯದೆ ಉಳಿದಿದ್ದರೆ ತಣ್ಣೀರಿನಲ್ಲಿ ತನ್ನ ತೂಕದ ಅರ್ಧಕ್ಕಿಂತ ಕಡಿಮೆ ನೀರನ್ನಷ್ಟೇ ಹಿಡಿದುಕೊಳ್ಳುತ್ತದೆ. ಕಲ್ಲಿಗೆ ಸಿಕ್ಕಿ ಸೀಳಿದ ಕಣ ಅದರ ನಾಲ್ಕೈದು ಪಟ್ಟು ನೀರು ಕುಡಿಯುತ್ತದೆ. ಚಪಾತಿಗೆ ಇದು ವರ, ಕಣಕ ಮೆತ್ತಗಾಗುತ್ತದೆ. ಮಾದಲಿಗೆ ಇದೇ ಶಾಪ. ಹಿಟ್ಟು ನೀರು ಹೆಚ್ಚು ಕೇಳುತ್ತದೆ, ಗೋಧಿಯ ಪ್ರೋಟೀನು ಆ ನೀರಿನಲ್ಲಿ ನಾದಿಸಿಕೊಂಡು ಎಳೆಎಳೆಯಾದ ಅಂಟಿನ ಬಲೆ ಕಟ್ಟುತ್ತದೆ, ಬೆಂದ ರೊಟ್ಟಿ ಚರ್ಮದ ಹಾಗೆ ಜಗ್ಗುತ್ತದೆಯೇ ಹೊರತು ಪುಡಿಯಾಗುವುದಿಲ್ಲ.

ಆ ಬಲೆಯನ್ನು ಮುರಿಯಲೆಂದೇ ಮಾದಲಿಯಲ್ಲಿ ಉಳಿದೆಲ್ಲ ಏರ್ಪಾಡು. ಕಡಲೆಬೇಳೆ, ಅಕ್ಕಿಗಳಲ್ಲಿ ಆ ಅಂಟು ಇಲ್ಲ. ಅವು ನಡುನಡುವೆ ಬಂದು ಎಳೆ ಕಡಿಯುತ್ತವೆ. ಕಾದ ಎಣ್ಣೆ ತರಿಯ ಮೈಗೆ ಸವರಿಕೊಂಡು ನೀರನ್ನು ತಡೆಯುತ್ತದೆ. ಮೆಕ್ಕೆಜೋಳದ ರೊಟ್ಟಿಗೆ ಈ ಕಷ್ಟವೇ ಇಲ್ಲ, ಮೆಕ್ಕೆಜೋಳ ಹುಟ್ಟಿನಿಂದಲೇ ಪುಡಿಪುಡಿ. ನಮ್ಮಲ್ಲಿ ಖಪಲಿ ಎಂದೂ ಜವೆಗೋಧಿ ಎಂದೂ ಕರೆಯುವ ಹಳೆಯ ಗೋಧಿ ಸಿಕ್ಕರೆ ಕೆಲಸ ಅರ್ಧ ಹಗುರಾಗುತ್ತದೆ. ಸಾಮಾನ್ಯ ಗೋಧಿಗೆ 42 ವರ್ಣತಂತುಗಳು, ಇದಕ್ಕೆ 28; ಇದರ ಅಂಟು ಸ್ವಭಾವತಃ ದುರ್ಬಲ. ಬೆಳಗಾವಿ, ಕೊಲ್ಹಾಪುರ, ಸಾಂಗಲಿ ಸೀಮೆಯ ರೈತರು ಇದನ್ನು ಬಿಟ್ಟುಕೊಡಲಿಲ್ಲ. ಧಾರವಾಡದ ಕೃಷಿ ವಿಶ್ವವಿದ್ಯಾಲಯ ಡಿಡಿಕೆ-1025, ಡಿಡಿಕೆ-1029ರಂಥ ಗಿಡ್ಡ ತಳಿಗಳನ್ನು ಕೊಟ್ಟ ಮೇಲೆ ಅದು ಬೀಳುವ ಕಾಟವೂ ಕಡಿಮೆಯಾಯಿತು. ಸಿಕ್ಕರೆ ಬಿಡಬೇಡಿ.

ಹುರಿಯುವುದರಲ್ಲೂ ಒಂದು ಯಂತ್ರಜ್ಞಾನವಿದೆ. ಮೈದಾ ಮಾಡುವ ದೊಡ್ಡ ರೋಲರ್ ಗಿರಣಿಗಳು ಗೋಧಿಗೆ ನೀರು ಚಿಮುಕಿಸಿ ಸಿಪ್ಪೆಯನ್ನು ಬಿಗಿ ಮಾಡಿಕೊಳ್ಳುತ್ತವೆ, ತಿರುಳಿನಿಂದ ತೌಡು ಇಡಿಯಾಗಿ ಬಿಡಲಿ ಎಂದು. ಮಾದಲಿಯದು ಉಲ್ಟಾ ದಾರಿ. ಹುರಿದಾಗ ಕಾಳಿನ ತೇವ ಇಳಿದು ಅದು ಪೆಡಸಾಗುತ್ತದೆ, ಕಲ್ಲಿಗೆ ಸಿಕ್ಕೊಡನೆ ಮೂಲೆಮೂಲೆಯಾಗಿ ಸಿಡಿಯುತ್ತದೆ, ತೌಡೂ ತಿರುಳಿನ ಜೊತೆಗೇ ಒಡೆಯುತ್ತದೆ. ಸಂಕ್ರಾಂತಿಯ ಹೊತ್ತಿಗೆ ಹೊಸ ಗೋಧಿ ಇನ್ನೂ ಹೊಲದಲ್ಲಿರುತ್ತದೆ. ಮನೆಯಲ್ಲಿರುವುದು ಹಿಂದಿನ ಸುಗ್ಗಿಯ, ಚೆನ್ನಾಗಿ ಒಣಗಿದ ಕಾಳು. ಅದೂ ಅನುಕೂಲಕ್ಕೇ ಬಂತು.

ಈಗ ತಂಬಿಟ್ಟಿನ ಪ್ರಶ್ನೆಗೆ ಬರೋಣ. ನೀರಿಲ್ಲದೆ ಹುರಿದರೆ ಪಿಷ್ಟ ಬೇಯುವುದಿಲ್ಲ. ಕಣಗಳು ಉಬ್ಬಬೇಕಾದರೆ ತೇವವೂ ಬೇಕು, ಸುಮಾರು 60 ಡಿಗ್ರಿ ಸೆಲ್ಸಿಯಸ್ ಬಿಸಿಯೂ ಬೇಕು. ಹಂಚಿನ ಮೇಲಿನ ಗಟ್ಟಿ ಕಣಕದಲ್ಲಿ ನೀರು ಸಾಲದಷ್ಟೇ ಇದೆ. ಹಾಗಾಗಿ ಪಿಷ್ಟ ಪೂರ್ತಿ ಗಂಜಿಯಾಗದೆ ಅರೆಬರೆ ಬೆಂದು, ಅಕ್ಕಪಕ್ಕದ ಕಣಗಳನ್ನು ಹಿಡಿದು ನಿಲ್ಲಿಸುತ್ತದೆ. ಮೇಲ್ಮೈಯಲ್ಲಿ ಬಿಸಿ 140 ಡಿಗ್ರಿ ದಾಟಿದಾಗ ಪ್ರೋಟೀನು, ಸಕ್ಕರೆ ಕೂಡಿ ಕಂದು ಬಣ್ಣ, ಘಮ ಹುಟ್ಟುತ್ತವೆ. ರೊಟ್ಟಿ ಆರಿದ ಮೇಲೆ ಇನ್ನೊಂದು ಬದಲಾವಣೆ ನಡೆಯುತ್ತದೆ. ಪಿಷ್ಟದ ನೇರ ಸರಪಳಿಗಳಾದ ಅಮೈಲೋಸ್ ಅಣುಗಳು ಕೆಲವೇ ಗಂಟೆಗಳಲ್ಲಿ ಮತ್ತೆ ಒತ್ತೊತ್ತಾಗಿ ಜೋಡಿಸಿಕೊಂಡು ಗಡಸಾಗುತ್ತವೆ. ತಂಗಳ ರೊಟ್ಟಿ ಬಿರುಸಾಗುವುದಕ್ಕೆ ಇದೂ ಒಂದು ಕಾರಣ. ಬಿಸಿ ರೊಟ್ಟಿ ಕುಟ್ಟಿದರೆ ಮುದ್ದೆ, ಆರಿದ್ದನ್ನು ಕುಟ್ಟಿದರೆ ಹರಳು. ಬಿಸಿಯಲ್ಲೇ ಮುರಿದು ಹರವುವುದು ಹಬೆ ಹೊರಹೋಗಲಿ ಎಂದು. ಕುಟ್ಟಲು ಕಾಯುವುದು ಅಮೈಲೋಸ್ ಕೂಡಿಕೊಳ್ಳಲಿ ಎಂದು. ನಮ್ಮ ಹಿರಿಯರಿಗೆ ಅಮೈಲೋಸ್‌ನ ಹೆಸರು ಗೊತ್ತಿರಲಿಲ್ಲ, ಅದರ ವೇಳೆ ಗೊತ್ತಿತ್ತು. ಹೀಗೆ ಹುಟ್ಟಿದ ಹರಳು ಬಿಸಿ ಹಾಲಿನಲ್ಲಿ ಮೇಲೆ ಮೃದುವಾಗಿ, ಒಳಗೆ ತುಸು ಹಲ್ಲಿಗೆ ಸಿಗುವಂತೆ ಉಳಿಯುತ್ತದೆ. ತಂಬಿಟ್ಟಿನ ಹಿಟ್ಟಿಗೆ ಇದು ಸಾಧ್ಯವಿಲ್ಲ.

ಬೆಲ್ಲದ ವಿಷಯದಲ್ಲಿ ಕೊಲ್ಹಾಪುರದವರು ಭಾಗ್ಯವಂತರು. ಶಾಹು ಮಹಾರಾಜರ ಕಾಲದಲ್ಲಿ 1895ರಲ್ಲಿ ಆರಂಭವಾದ ಶಾಹೂಪುರಿ ಪೇಟೆಯಿಂದ ಊರಿನ ಬೆಲ್ಲದ ವ್ಯಾಪಾರ ಬೆಳೆಯಿತು. 2014ರಲ್ಲಿ ಕೊಲ್ಹಾಪುರದ ಬೆಲ್ಲಕ್ಕೆ ಭೌಗೋಳಿಕ ಸೂಚಿಯ ಮಾನ್ಯತೆ ಬಂತು. ಗಾಣದ ಮನೆಯಲ್ಲಿ ಕಬ್ಬಿನ ಹಾಲಿಗೆ ಬೆಂಡೆಗಿಡದ ಲೋಳೆ ಹಾಕಿ ಕೊಳೆ ಎತ್ತುತ್ತಾರೆ, ಸುಣ್ಣ ಹಾಕಿ ಹುಳಿ ಮುರಿಯುತ್ತಾರೆ. ಹುಳಿ ಉಳಿದರೆ ಸಕ್ಕರೆಯ ಅಣು ಒಡೆದು ಗ್ಲೂಕೋಸ್, ಫ್ರಕ್ಟೋಸ್ ಆಗುತ್ತದೆ, ಅವು ಗಾಳಿಯ ತೇವ ಎಳೆದುಕೊಳ್ಳುತ್ತವೆ. ಹೆರೆದರೆ ಉದುರುದುರಾಗಿ ಬೀಳುವ ಗಟ್ಟಿ ಬೆಲ್ಲವೇ ಮಾದಲಿಗೆ ಸರಿ. ಮೆತ್ತನೆಯ, ಬೆರಳಿಗೆ ಅಂಟುವ ಬೆಲ್ಲ ಹೋಳಿಗೆಗಿರಲಿ. ಮಳೆಗಾಲದ ಮದುವೆಗಾದರೆ ಪುಡಿಯನ್ನಷ್ಟೇ ಮಾಡಿಟ್ಟು, ಬಡಿಸುವ ದಿನ ಬೆಲ್ಲ ಕೂಡಿಸುವುದು ಮೇಲು.

ಗಿರಣಿಯ ಮಟ್ಟಿಗೆ ಇಚಲಕರಂಜಿಯ ಸ್ಥಿತಿ ಬೇರೆ. 1904ರಲ್ಲಿ ವಿಠ್ಠಲರಾವ್ ದಾತಾರ್ ಮೊದಲ ಯಂತ್ರಮಗ್ಗ ಹೂಡಿದ ಊರು ಅದು. ಮಗ್ಗದ ಪಾಳಿಯಲ್ಲಿ ದುಡಿಯುವ ಮನೆಗಳಿಗೆ ಗಿರಣಿಯ ಸಾಲಿನಲ್ಲಿ ನಿಲ್ಲುವ ಪುರಸೊತ್ತು ಕಡಿಮೆ. ಅಂಥ ಮನೆಗಳಿಗೆ ಘರಘಂಟಿ ಎಂಬ ಮನೆಬಳಕೆಯ ಪುಟ್ಟ ಹಿಟ್ಟಿನ ಯಂತ್ರ ಬಂದಿದೆ. ಅದರಲ್ಲಿ ಕಲ್ಲಿಲ್ಲ, ಮುಚ್ಚಿದ ಗೂಡಿನಲ್ಲಿ ವೇಗವಾಗಿ ತಿರುಗುವ ಉಕ್ಕಿನ ತುಂಡುಗಳು ಕಾಳನ್ನು ಬಡಿದು ಚೂರು ಮಾಡುತ್ತವೆ, ಸುತ್ತಲಿನ ಜಾಳಿಗೆಯ ತೂತಿನಲ್ಲಿ ಹಿಡಿಸುವಷ್ಟಾದದ್ದು ಹೊರಬರುತ್ತದೆ. ದಪ್ಪ ತೂತಿನ ಜಾಳಿಗೆ ಹಾಕಿದರೆ ಮಾದಲಿಗೆ ಒಪ್ಪುವ ತರಿ ಸಿಗುತ್ತದೆ. ಮಿಕ್ಸರ್ ಮಾತ್ರ ನಂಬಿಕೆಗೆ ಅರ್ಹವಲ್ಲ. ಅದಕ್ಕೆ ಜಾಳಿಗೆಯೂ ಇಲ್ಲ, ಸಂದೂ ಇಲ್ಲ. ಕೆಳಗಿನದು ನುಣ್ಣಗಾಗಿ ಮೇಲಿನದು ಇಡಿಯಾಗಿ ಉಳಿಯುತ್ತದೆ. ರೊಟ್ಟಿ ಪುಡಿ ಮಾಡಲು ಅದನ್ನೇ ಬಳಸುವುದಾದರೆ ಸ್ವಲ್ಪಸ್ವಲ್ಪವೇ ಹಾಕಿ, ನಿಲ್ಲಿಸಿ ನಿಲ್ಲಿಸಿ ತಿರುಗಿಸಿ, ಸಾಣಿಗೆ ಹಿಡಿಯಲೇಬೇಕು.

ಗಿರಣಿಗೇ ಹೋಗುವವರು ಎರಡು ವಿಚಾರ ಕೇಳಿಕೊಳ್ಳಿ. ನಿಮಗಿಂತ ಮುಂಚೆ ಏನು ಬೀಸಿದರು? ಕಲ್ಲಿನ ಗೀರುಗಳಲ್ಲಿ ಹಿಂದಿನವರ ಹಿಟ್ಟು ಒಂದಿಷ್ಟು ಉಳಿದೇ ಇರುತ್ತದೆ, ಸಜ್ಜೆಯ ನಂತರ ಬೀಸಿದ ಗೋಧಿಗೆ ಸಜ್ಜೆಯ ವಾಸನೆ ತಪ್ಪದು. ಕಲ್ಲಿಗೆ ಟಾಕಿ ಹಾಕಿ, ಅಂದರೆ ಉಳಿಯಿಂದ ಗೀರುಗಳನ್ನು ಮತ್ತೆ ಕೊರೆದು, ಎಷ್ಟು ದಿನವಾಯಿತು? ಸವೆದ ಕಲ್ಲು ಕತ್ತರಿಸುವುದನ್ನು ಬಿಟ್ಟು ಬರೀ ಉಜ್ಜುತ್ತದೆ. ಆಗ ತಾನೇ ಟಾಕಿ ಹಾಕಿದ ಕಲ್ಲಾದರೆ ಮೊದಲು ಬೇರೆ ಕಾಳು ಬೀಸಿ ಕಲ್ಲಿನ ಪುಡಿ ತೆಗೆದಿರಬೇಕು. ಬೀಸಿದ ಹಿಟ್ಟನ್ನು ಬಿಸಿಯಲ್ಲೇ ಡಬ್ಬಿಗೆ ಮುಚ್ಚಬೇಡಿ, ಬೆವರು ಕಟ್ಟುತ್ತದೆ. ಈ ಸಲ ತರಿ ಸರಿಯಾಗಿ ಬಂದರೆ ಅದರಲ್ಲಿ ಒಂದು ಹಿಡಿಯನ್ನು ಒಣ ಶೀಶೆಯಲ್ಲಿ ತೆಗೆದಿಟ್ಟು, ಮುಂದಿನ ಸಂಕ್ರಾಂತಿಗೆ ಗಿರಣಿಗೆ ಒಯ್ಯಿರಿ. “ಹಿಂಗ ಬೀಸ್ರಿ” ಎಂದು ಕೈಮೇಲೆ ಸುರಿದು ತೋರಿಸಿದರೆ ಗಿರಣಿಯವರಿಗೆ ಬೇರೆ ವಿವರಣೆ ಬೇಕಾಗುವುದಿಲ್ಲ.